ಬೆಂಗಳೂರಿನ ಬೀದಿಮಾತು ಮತ್ತು ಅದರ ಅರ್ಥನಿರ್ಣಯ

ಶಾಲೆಯ ಪುಸ್ತಕ ಕಲಿಸದ, ನಿಘಂಟು ಬಹುಮಟ್ಟಿಗೆ ಹೊರಗೇ ನಿಲ್ಲಿಸಿದ, ಆದರೆ ಆಟೊ ಸ್ಟ್ಯಾಂಡು, ಕಾಲೇಜಿನ ಕಟ್ಟೆ, ಟೀ ಅಂಗಡಿಗಳಲ್ಲಿ ಹುಟ್ಟಿ ಈಗ ವಾಟ್ಸಾಪ್ ಸಂದೇಶಗಳವರೆಗೂ ಹಬ್ಬಿರುವ ಕನ್ನಡಕ್ಕೆ ಇಲ್ಲಿ ಬೀದಿಮಾತು ಎಂಬ ಹೆಸರನ್ನು ಬಳಸಿದೆ. ಇದಕ್ಕೆ ಕನ್ನಡದಲ್ಲಿ ನೆಲೆ ನಿಂತ ಒಂದೇ ಹೆಸರಿಲ್ಲ. ಹಳೆಯ ಲಾಕ್ಷಣಿಕರು ‘ಗ್ರಾಮ್ಯ’ ಎಂದು ಕರೆದು ಕಾವ್ಯದೋಷಗಳ ಪಟ್ಟಿಗೆ ಸೇರಿಸಿದರು. ಗ್ರಾಮ್ಯವೆಂದರೆ ಹಳ್ಳಿಯದು. ಇಂದಿನ ಬೀದಿಮಾತಿನ ಬಹುಪಾಲು ಹುಟ್ಟುವುದು ನಗರದಲ್ಲಿ. ಆಡುವವರು ಅದನ್ನು ‘ಲೋಕಲ್’ ಎನ್ನುತ್ತಾರೆ. ‘ನಾವು ಪಕ್ಕಾ ಲೋಕಲ್’ ಎಂದಾಗ ಆ ಪದ ಊರನ್ನು ಸೂಚಿಸುವುದರ ಜೊತೆಗೆ ‘ಇಲ್ಲಿ ನಮ್ಮ ಮಾತು ನಡೆಯುತ್ತದೆ’ ಎಂಬ ಎಚ್ಚರಿಕೆಯನ್ನೂ ಕೊಡುತ್ತದೆ. ಹೆಸರೇ ಎರಡು ಅರ್ಥ ಹೊತ್ತು ನಿಂತಿದೆ.

ಬೆಂಗಳೂರಿನ ದಕ್ಷಿಣ ಅಂಚಿನ ಸುಬ್ರಹ್ಮಣ್ಯಪುರ ಈ ಮಾತಿಗೆ ಕಿವಿಗೊಡಲು ತಕ್ಕ ಜಾಗ. ಉತ್ತರಹಳ್ಳಿ, ಚಿಕ್ಕಲ್ಲಸಂದ್ರ, ಗುಬ್ಬಲಾಳ, ವಸಂತಪುರಗಳ ನಡುವಿನ ಈ ಊರು ಕೆಲವೇ ದಶಕಗಳ ಹಿಂದೆ ಹೊಲ, ತೋಟ, ಕೆರೆಗಳ ಹಳ್ಳಿ. 2007ರಲ್ಲಿ ಏಳು ನಗರಸಭೆ, ಒಂದು ಪುರಸಭೆ, 110 ಹಳ್ಳಿಗಳನ್ನು ಸೇರಿಸಿ ಬೃಹತ್ ಬೆಂಗಳೂರು ಮಹಾನಗರ ಪಾಲಿಕೆ ರಚನೆಯಾಯಿತು. 2021ರ ಜನವರಿಯಲ್ಲಿ ಮೆಟ್ರೊ ಹಸಿರು ಮಾರ್ಗ ಯಲಚೇನಹಳ್ಳಿಯಿಂದ ಕೋಣನಕುಂಟೆ ಕ್ರಾಸ್ ದಾಟಿ ರೇಷ್ಮೆ ಸಂಸ್ಥೆಯವರೆಗೆ ಬಂತು. ಊರಿನ ಹಳೆಯ ಮನೆಗಳ ಕನ್ನಡ, ಉತ್ತರ ಕರ್ನಾಟಕದಿಂದ ಕಟ್ಟಡ ಕೆಲಸಕ್ಕೆ ಬಂದವರ ಕನ್ನಡ, ತಮಿಳು, ತೆಲುಗು, ಉರ್ದು, ಹಿಂದಿ ಎಲ್ಲವೂ ಒಂದೇ ಬಸ್ ನಿಲ್ದಾಣದಲ್ಲಿ ಕೇಳುತ್ತವೆ. ಹೊಲದ ಮಾತು ಬಡಾವಣೆಯ ಮಾತಾಗುವುದನ್ನು ಇಲ್ಲಿ ಕಣ್ಣಾರೆ ಕಾಣಬಹುದು. ‘ಅಲ್ಲಿ ಹೋಗಿ ಏನು ಕಡಿದು ಕಟ್ಟೆ ಹಾಕಿದೆ?’, ‘ಏನು ಕಿತ್ತು ಗುಡ್ಡೆ ಹಾಕಿದೆ?’ ಎಂದು ಸಾಫ್ಟ್‌ವೇರ್ ಹುಡುಗ ಗೆಳೆಯನನ್ನು ಚುಚ್ಚುವಾಗ ಅವನ ಬಾಯಲ್ಲಿರುವುದು ಕಡಿಯುವ, ಕೀಳುವ, ರಾಶಿ ಹಾಕುವ ಬೇಸಾಯದ ಮಾತು. ಕೊಯ್ಲು ನೋಡದವನಿಗೂ ಆ ಚುಚ್ಚು ತಪ್ಪದೆ ತಾಗುತ್ತದೆ.

ಅರ್ಥ ಹುಡುಕುವವರು ಸಾಮಾನ್ಯವಾಗಿ ಮೊದಲ ಹೆಜ್ಜೆಯಲ್ಲೇ ಎಡವುತ್ತಾರೆ. ನಾಮಪದವನ್ನು ಕಿತ್ತುಕೊಂಡು ‘ಇದರ ಅರ್ಥವೇನು?’ ಎಂದು ಕೇಳುತ್ತಾರೆ. ಕನ್ನಡದ ಬೀದಿಮಾತಿನ ಜೀವ ಕ್ರಿಯಾಪದದಲ್ಲಿದೆ. ‘ಎಣ್ಣೆ’ ತಲೆಗೆ ಹಚ್ಚಿದರೆ ಎಣ್ಣೆ, ಬಾಣಲೆಗೆ ಹಾಕಿದರೆ ಎಣ್ಣೆ. ‘ಹೊಡೆದರೆ’ ಮಾತ್ರ ಮದ್ಯ. ‘ಸಂಜೆ ಎಣ್ಣೆ ಹೊಡೆಯೋಣ’ ಎಂಬುದನ್ನು ಪದಕ್ಕೆ ಪದ ಇಟ್ಟು ಬೇರೆ ಭಾಷೆಗೆ ತಿರುಗಿಸಿದರೆ ಎಣ್ಣೆಗೆ ಏಟು ಕೊಡುವ ವಿಚಿತ್ರ ವಾಕ್ಯ ಸಿಗುತ್ತದೆ. ಬತ್ತಿ ಹಚ್ಚಿದರೆ ದೀಪ, ‘ಬತ್ತಿ ಇಟ್ಟರೆ’ ಒಬ್ಬರ ಮೇಲೆ ಇನ್ನೊಬ್ಬರನ್ನು ಎತ್ತಿಕಟ್ಟುವ ಕೆಲಸ. ಪಾರಿವಾಳಕ್ಕೆ ಕಾಳು ಹಾಕುವುದು ಪುಣ್ಯ. ಹುಡುಗಿಗೆ ‘ಕಾಳು ಹಾಕುವುದು’ ಒಲಿಸಿಕೊಳ್ಳಲು ಹಿಂದೆ ಬೀಳುವುದು. ಗೂಬೆ ಎಂದು ಕರೆದರೆ ದಡ್ಡ ಎಂದರ್ಥ, ಆದರೆ ಯಾರದೋ ಮೇಲೆ ‘ಗೂಬೆ ಕೂರಿಸಿದರೆ’ ತಪ್ಪನ್ನು ಅವರ ತಲೆಗೆ ಕಟ್ಟಿದಂತೆ. ಬಕೆಟ್ ತುಂಬಿಸಬಹುದು, ತೊಳೆಯಬಹುದು. ಮೇಲಧಿಕಾರಿಗೆ ‘ಬಕೆಟ್ ಹಿಡಿದರೆ’ ಮುಖಸ್ತುತಿ.

ಕ್ರಿಯಾಪದವೂ ಒಂದೇ ಆಗಿಬಿಟ್ಟಾಗ ಅರ್ಥವನ್ನು ತೀರ್ಮಾನಿಸುವುದು ಅದು ಯಾರಿಗೆ ಎಂಬ ಪ್ರಶ್ನೆ. ‘ಚಳಿ ಇದೆ, ಮಗುವಿಗೆ ಟೋಪಿ ಹಾಕು’ ಎಂಬಲ್ಲಿ ಟೋಪಿ ಉಣ್ಣೆಯದು. ‘ಬ್ಯಾಂಕಿಗೆ ಟೋಪಿ ಹಾಕಿದ’ ಎಂಬಲ್ಲಿ ಅದು ಮೋಸ. ಮಾಸ್ಟರ್ ಹಿರಣ್ಣಯ್ಯ ‘ಮಕ್ಮಲ್ ಟೋಪಿ’ ಎಂಬ ಹೆಸರಾಂತ ನಾಟಕ ಆಡಿದಾಗ ಕನ್ನಡ ಪ್ರೇಕ್ಷಕರಿಗೆ ಟಿಪ್ಪಣಿ ಬೇಕಾಗಲಿಲ್ಲ. ದೇವರಿಗೆ ನಾಮ ಹಾಕುವುದು ಸೇವೆ, ಊರಿಗೆಲ್ಲ ನಾಮ ಹಾಕುವುದು ವಂಚನೆ. ‘ಕೈ ಕೊಡು’ ಇನ್ನೂ ವಿಸ್ತಾರವಾದದ್ದು: ಗೆಳೆಯ ಕೈ ಕೊಡುತ್ತಾನೆ, ನಡುದಾರಿಯಲ್ಲಿ ಗಾಡಿ ಕೈ ಕೊಡುತ್ತದೆ, ಮುಂಗಾರೂ ಕೈ ಕೊಡುತ್ತದೆ. ಕಾಂಗ್ರೆಸ್ ಪಕ್ಷದ ಚಿಹ್ನೆಯೂ ಕೈ ಆಗಿರುವುದರಿಂದ, ಶಾಸಕನೊಬ್ಬ ಪಕ್ಷ ಬಿಟ್ಟಾಗ ‘ಕೈಗೆ ಕೈ ಕೊಟ್ಟ’ ಎಂಬ ತಲೆಬರಹ ಪತ್ರಿಕೆಗೆ ಸಲೀಸಾಗಿ ದಕ್ಕುತ್ತದೆ. ಹೊರಗಿನವರು ಆ ಮೂರು ಪದಗಳ ಮುಂದೆ ಕಂಗಾಲಾಗುವುದು ಸಹಜ.

ಬಡಾವಣೆಯ ಬದುಕು ಹೊಸ ಗೊಂದಲಗಳನ್ನೂ ತಂದಿದೆ. ಬೆಂಗಳೂರಿಗರಿಗೆ ‘ಸೈಟ್’ ಎಂದರೆ ಮೊದಲು ಮೂವತ್ತು ನಲವತ್ತರ ನಿವೇಶನ. ತಮಿಳಿನ ಹುಡುಗರ ಮಾತಿನಲ್ಲಿ ಸೈಟ್ ಹೊಡೆಯುವುದೆಂದರೆ ಹುಡುಗಿಯರನ್ನು ನೋಡುತ್ತ ನಿಲ್ಲುವುದು. ಆ ಬಳಕೆ ಇಲ್ಲಿಗೂ ಬಂದಿದೆ. ಹೀಗಾಗಿ ‘ಅವನು ಕೆರೆ ಹತ್ತಿರ ಸೈಟ್ ಹೊಡೆದ’ ಎಂದು ಯಾರಾದರೂ ಹೇಳಿದರೆ, ಅವನು ಇಪ್ಪತ್ತರವನೋ ಐವತ್ತರವನೋ ಎಂದು ಕೇಳದೆ ಅರ್ಥ ಮಾಡಲಾಗದು: ಒಂದು ನೋಟ, ಇನ್ನೊಂದು ಒತ್ತುವರಿ. ಕೆರೆಗಳು ಒತ್ತುವರಿಯಿಂದ ಸೊರಗಿದ ಈ ಭಾಗದಲ್ಲಿ ಎರಡನೆಯ ಅರ್ಥ ಬರಿಯ ಮಾತಿನ ಚಮತ್ಕಾರವಾಗಿ ಉಳಿದಿಲ್ಲ. ‘ಕೆರೆ ಗುಳುಂ’ ಎಂಬ ತಲೆಬರಹದ ಗುಳುಂ ಕೂಡ ನುಂಗುವ ಸದ್ದಿನಿಂದ ಎದ್ದ ಬೀದಿಮಾತೇ. ಭೂಕಬಳಿಕೆ ಎಂಬ ಶಿಷ್ಟ ಪದಕ್ಕಿಂತ ಅದು ಬೇಗ ನಾಟುತ್ತದೆ. ‘ಬೋರ್’ ಸಹ ಹಾಗೆಯೇ. ‘ಬೋರ್ ಹೊಡೀತಿದೆ’ ಎಂದರೆ ಬೇಸರ, ‘ಬೋರ್ ಹೊಡೆಸಿದರು’ ಎಂದರೆ ಬೇಸರ ತರಿಸಿದರು ಎಂದೂ ಆದೀತು, ಕೊಳವೆಬಾವಿ ತೋಡಿಸಿದರು ಎಂದೂ ಆದೀತು. 2024ರ ಬೇಸಿಗೆಯಲ್ಲಿ ನಗರದ ಕೊಳವೆಬಾವಿಗಳು ಸಾಲುಸಾಲಾಗಿ ಬತ್ತಿ ಜನ ಟ್ಯಾಂಕರ್ ಹಿಂದೆ ಓಡುತ್ತಿದ್ದಾಗ ‘ನಮ್ಮನೇಲೂ ಬೋರ್’ ಎಂದವರಿಗೆ ಬೇಸರದ ಅರ್ಥ ಮನಸ್ಸಿಗೆ ಹೊಳೆದಿರಲಾರದು.

‘ಮೀಟರ್’ ಎಂಬ ಒಂದು ಪದವನ್ನು ಹಿಡಿದು ನೋಡಿದರೆ ನಗರದ ಮೂರು ಮುಖ ಕಾಣುತ್ತವೆ. ಆಟೊದಲ್ಲಿ ಅದು ಬಾಡಿಗೆ ತೋರಿಸುವ ಯಂತ್ರ. ‘ಅದಕ್ಕೆಲ್ಲ ಮೀಟರ್ ಬೇಕು’ ಎಂದರೆ ಧೈರ್ಯ, ಗಂಡೆದೆ. ‘ಮೀಟರ್ ಬಡ್ಡಿ’ ಎಂದರೆ ಆಟೊ ಮೀಟರಿನಂತೆ ನಿಲ್ಲದೆ ಓಡುವ, ಸಾಲಗಾರನ ಕೊರಳು ಹಿಂಡುವ ಬಡ್ಡಿ. ಇಂಥ ಬಡ್ಡಿಯನ್ನು ತಡೆಯಲು ರಾಜ್ಯ 2004ರಲ್ಲಿ ಅಧಿಕ ಬಡ್ಡಿ ವಿಧಿಸುವುದನ್ನು ನಿಷೇಧಿಸುವ ಕಾಯ್ದೆಯನ್ನೇ ತಂದಿತು. ಕಾಯ್ದೆಯ ಶಿಷ್ಟ ಭಾಷೆ ‘ಅಧಿಕ ಬಡ್ಡಿ’ ಎಂದಷ್ಟೇ ಹೇಳುತ್ತದೆ. ಸಾಲಗಾರನ ಎದೆಬಡಿತವನ್ನು ಹಿಡಿದದ್ದು ಬೀದಿಯ ಪದ. ಹಾಗೆಯೇ ‘ಸುಪಾರಿ’. ಹಿಂದಿಯಲ್ಲಿ ಅದು ಅಡಿಕೆ; ಮುಂಬೈ ಭೂಗತಲೋಕದಲ್ಲಿ ಕೊಲೆಯ ಗುತ್ತಿಗೆ. ಅಡಿಕೆಗೆ ನಮ್ಮದೇ ಪದವಿರುವುದರಿಂದ ದಕ್ಷಿಣ ಕರ್ನಾಟಕದ ಕಿವಿಗೆ ಸುಪಾರಿ ಕೊಲೆಯ ಅರ್ಥದಲ್ಲಿಯೇ ಬಿತ್ತು. ಎರವಲು ಬರುವ ಪದ ತನ್ನ ಹಳೆಯ ಮನೆಯ ಸಾಮಾನನ್ನೆಲ್ಲ ಹೊತ್ತು ತರಬೇಕೆಂದಿಲ್ಲ.

ಎರವಲು ಪದಗಳ ವಿಷಯದಲ್ಲಿ ಮೂಲಭಾಷೆಯ ನಿಘಂಟು ತೆರೆದವರು ದಾರಿ ತಪ್ಪುವುದು ಹೆಚ್ಚು. ಪಾರಸಿಯಿಂದ ಉರ್ದುವಿಗೆ ಬಂದ ‘ಸಖ್ತ್’ ಎಂದರೆ ಗಟ್ಟಿ, ಕಠಿಣ. ಬೆಂಗಳೂರಿನ ‘ಸಕತ್’ ಎಂದರೆ ಅದ್ಭುತ, ಅಥವಾ ‘ಸಕತ್ ಬಿಸಿಲು’ ಎನ್ನುವಲ್ಲಿ ಬಹಳ. ಉರ್ದುವಿನಲ್ಲಿ ಬೇಜಾನ್ ಎಂದರೆ ಪ್ರಾಣವಿಲ್ಲದ್ದು; ಬೆಂಗಳೂರಿನಲ್ಲಿ ‘ಬೇಜಾನ್ ಜನ’ ಎಂದರೆ ಕಾಲಿಡಲು ಜಾಗವಿಲ್ಲದಷ್ಟು ಜನ. ‘ಚಿಂದಿ’ ಹರಿದ ಬಟ್ಟೆ, ಆದರೆ ‘ಸಿನಿಮಾ ಚಿಂದಿ’ ಎಂದರೆ ಮೆಚ್ಚುಗೆ. ಒಂದೇ ಕರ್ನಾಟಕದೊಳಗೂ ಜಾಗ ಬದಲಾದರೆ ಅರ್ಥ ಬದಲಾಗುತ್ತದೆ. ಹುಬ್ಬಳ್ಳಿಯವರ ‘ಮಸ್ತ್’ ಸೊಗಸು. ಮಂಗಳೂರಿನವರ ‘ಮಸ್ತ್ ಜನ’ ತುಳುವಿನ ದಾರಿಯಲ್ಲಿ ‘ತುಂಬ ಜನ’. ‘ಎಂತ ಸಾವು ಮಾರಾಯ’ ಎಂದು ಕರಾವಳಿಯ ಸಹೋದ್ಯೋಗಿ ಫೋನಿನಲ್ಲಿ ಹೇಳಿದರೆ ಯಾರೂ ಸತ್ತಿಲ್ಲ, ಕಿರಿಕಿರಿಯಾಗಿದೆ ಅಷ್ಟೆ. ಇದು ಇಂದಿನ ಸಮಸ್ಯೆಯೂ ಅಲ್ಲ. ಕನ್ನಡದ ದೇಸಿಗಳು ಬೇರೆ ಬೇರೆಯಾಗಿರುವುದರಿಂದ ಅವನ್ನೆಲ್ಲ ಅರಿಯಲಾರದೆ ಸರ್ಪರಾಜ ವಾಸುಕಿಯೇ ಬೇಸರಗೊಳ್ಳುತ್ತಾನೆ ಎಂದು ಒಂಬತ್ತನೆಯ ಶತಮಾನದ ‘ಕವಿರಾಜಮಾರ್ಗ’ ಆಗಲೇ ಹೇಳಿತ್ತು.

ಕರೆಯುವ ಪದಗಳ ವಿಷಯ ಬಹಳ ನಾಜೂಕು, ಮತ್ತು ಬೆಂಗಳೂರಿಗೆ ಹೊಸದಾಗಿ ಬಂದವರು ಏಟು ತಿನ್ನುವುದೂ ಇಲ್ಲೇ. ‘ಗುರು’ ಎಂದರೆ ಪಾಠ ಹೇಳುವವನು, ‘ಶಿಷ್ಯ’ ಎಂದರೆ ಕಲಿಯುವವನು. ಬೀದಿಯಲ್ಲಿ ‘ಏನ್ ಗುರು’, ‘ಏನ್ ಸಿಸ್ಯ’ ಎರಡೂ ಸರಿಸಮನಾದ ಗೆಳೆಯನಿಗೆ. ‘ಮಚ್ಚಾ’ ತಮಿಳಿನ ಮಚ್ಚಾನ್, ಹೆಂಡತಿಯ ಅಣ್ಣತಮ್ಮಂದಿರಿಗೆ ಹೇಳುವ ನಂಟಿನ ಪದ. ಇಲ್ಲಿ ನಂಟು ಕಳಚಿ ಸ್ನೇಹ ಉಳಿದಿದೆ. ‘ಮಾಮ’ ಮನೆಯೊಳಗೆ ಸೋದರಮಾವ, ಸಿಗ್ನಲಿನಲ್ಲಿ ಟ್ರಾಫಿಕ್ ಪೊಲೀಸ್, ಇನ್ನೊಂದು ಸಂದರ್ಭದಲ್ಲಿ ತಲೆಹಿಡುಕ. ಮೂರನೆಯದನ್ನು ಅರಿಯದೆ ಬಳಸಿದವರು ಜಗಳಕ್ಕೆ ಸಿಕ್ಕಾರು. ಎಲ್ಲಕ್ಕಿಂತ ಸೂಕ್ಷ್ಮವಾದದ್ದು ‘ಮಗ’. ‘ಮಗಾ, ಬರ್ತೀಯಾ?’ ಎಂದರೆ ಒಲವು. ‘ಮಗನೇ, ಬರ್ತೀಯಾ?’ ಎಂದರೆ ಸವಾಲು. ಪದ ಒಂದೇ, ಸಂಬೋಧನೆಯ ಬಾಲ ಮಾತ್ರ ಬೇರೆ. ‘ನನ್ಮಗ’ ಎಂಬುದು ಅಕ್ಷರಶಃ ‘ನನ್ನ ಮಗ’. ಅಪರಿಚಿತನಿಗೆ ಅಂದರೆ ಬೈಗುಳ, ಆಪ್ತನ ಬಗ್ಗೆ ‘ಸಕತ್ ನನ್ಮಗ’ ಎಂದರೆ ಬೆರಗು. ಇವನ್ನು ಕಲಿಯುವವರಿಗೆ ಒಂದು ದಾರಿಯಿದೆ: ಒಬ್ಬರು ನಿಮ್ಮನ್ನು ಮೊದಲು ಹಾಗೆ ಕರೆಯಲಿ, ಅವರನ್ನು ನೀವು ಆಮೇಲೆ ಕರೆಯಿರಿ. ಮನೆ ಮಾಲೀಕರನ್ನೂ ಹಿರಿಯರನ್ನೂ ಈ ಪದಗಳಿಂದ ದೂರವೇ ಇಡಬೇಕು.

ಇದೇ ಬಾಲಗಳ ಲೋಕದಲ್ಲಿ ತಂದೆ ಮಗನನ್ನು ‘ಅಪ್ಪಾ’ ಎನ್ನುತ್ತಾನೆ, ಅಜ್ಜಿ ಮೊಮ್ಮಗಳನ್ನು ‘ಅಮ್ಮಾ’ ಎನ್ನುತ್ತಾಳೆ. 2016ರ ‘ಜಾಗ್ವಾರ್’ ಚಿತ್ರದ ಸಮಾರಂಭವೊಂದರಲ್ಲಿ ಎಚ್.ಡಿ. ಕುಮಾರಸ್ವಾಮಿ ವೇದಿಕೆಯಿಂದ ಮಗನನ್ನು ‘ನಿಖಿಲ್, ಎಲ್ಲಿದ್ದೀಯಪ್ಪಾ’ ಎಂದು ಕರೆದದ್ದು ಶುದ್ಧ ಮನೆಮಾತು. 2019ರಲ್ಲಿ ನಿಖಿಲ್ ಮಂಡ್ಯದಿಂದ ಲೋಕಸಭೆಗೆ ಸ್ಪರ್ಧಿಸಿದಾಗ ಆ ವಾಕ್ಯ ಜಾಲತಾಣಗಳಲ್ಲಿ ಸಿಡಿದು, ಕಾಣೆಯಾದ ಯಾರನ್ನಾದರೂ ಕೆಣಕುವ ನುಡಿಯಾಯಿತು. ಅದೇ ವರ್ಷದ ಕೊನೆಯ ಉಪಚುನಾವಣೆಯಲ್ಲಿ, ಕಾಗವಾಡ ಕ್ಷೇತ್ರದಲ್ಲಿ ಸಿದ್ದರಾಮಯ್ಯ ಮಾತಾಡುತ್ತಿದ್ದಾಗ ಸಭೆಯಿಂದ ಎದ್ದ ‘ಹೌದು ಹುಲಿಯಾ’ ಎಂಬ ಉದ್ಗಾರವೂ ರಾಜ್ಯದ ತುಂಬ ಹಬ್ಬಿತು. ಪದಗಳಲ್ಲಿ ಕ್ಲಿಷ್ಟತೆ ಏನೂ ಇಲ್ಲದ ಇಂಥ ಮಾತುಗಳ ಅರ್ಥ ಯಾವ ನಿಘಂಟಿನಲ್ಲೂ ಇರಲಾರದು. ಘಟನೆ ಗೊತ್ತಿದ್ದರೆ ಅರ್ಥ ಗೊತ್ತು.

ಬೀದಿಮಾತಿನ ಅರ್ಥಕ್ಕಾಗಿ ಬಹಿರಂಗವಾಗಿ ಜಗ್ಗಾಟ ನಡೆದ ಉದಾಹರಣೆ ‘ಚೊಂಬು’. ನೀರು ತುಂಬಿ ಕಳಶವಿಟ್ಟರೆ ಮಂಗಳ, ಬೆಳಗ್ಗೆ ಬಯಲಿಗೆ ಒಯ್ದರೆ ಮುಜುಗರ. ಬೀದಿಯಲ್ಲಿ ‘ಚೊಂಬು ಕೊಟ್ಟರು’ ಎಂದರೆ ಏನನ್ನೂ ಕೊಡದೆ ಬರಿಗೈಯಲ್ಲಿ ಕಳಿಸಿದರು. 2024ರ ಏಪ್ರಿಲ್‌ನಲ್ಲಿ ಕಾಂಗ್ರೆಸ್ ಪಕ್ಷ ಕೇಂದ್ರ ಸರ್ಕಾರ ಕರ್ನಾಟಕಕ್ಕೆ ಕೊಟ್ಟದ್ದು ಚೊಂಬು ಎಂದು ಪತ್ರಿಕೆಗಳಲ್ಲಿ ಜಾಹೀರಾತು ಕೊಟ್ಟಿತು. ಕೆಲವೇ ದಿನಗಳಲ್ಲಿ ಚಿಕ್ಕಬಳ್ಳಾಪುರದ ಸಭೆಯಲ್ಲಿ ಎಚ್.ಡಿ. ದೇವೇಗೌಡರು ಆ ಚೊಂಬನ್ನು ಮೋದಿ ಅಕ್ಷಯಪಾತ್ರೆ ಮಾಡಿದ್ದಾರೆ ಎಂದು ತಿರುಗಿಸಿದರು. ಒಂದು ಪಕ್ಷ ಬೀದಿಯ ಅರ್ಥವನ್ನು ಹಿಡಿದರೆ, ಇನ್ನೊಂದು ಪೂಜೆಯ ಅರ್ಥದ ಕಡೆಗೆ ಎಳೆಯಿತು. ಒಂದು ಪದದ ಎರಡೂ ಅರ್ಥ ಕೇಳುಗರಿಗೆ ಗೊತ್ತಿದೆ ಎಂಬ ನಂಬಿಕೆಯಿಲ್ಲದೆ ಇಂಥ ವಾಗ್ವಾದ ಸಾಧ್ಯವೇ ಇಲ್ಲ.

ಬರಹಕ್ಕೆ ಇಳಿದಾಗ ಬೀದಿಮಾತು ಅರ್ಧ ಕುರುಡಾಗುತ್ತದೆ. ದನಿಯ ಏರಿಳಿತ ಹೋಗುತ್ತದೆ. ಫೋನಿನಲ್ಲಿ ಇಂಗ್ಲಿಷ್ ಅಕ್ಷರಗಳಲ್ಲಿ ಕನ್ನಡ ಒತ್ತುವವರ ಕೈಯಲ್ಲಿ ಲ-ಳ, ನ-ಣ, ಹ್ರಸ್ವ-ದೀರ್ಘ ಎಲ್ಲವೂ ಕರಗುತ್ತವೆ. ‘ಬೆಲೆ ಜಾಸ್ತಿ’, ‘ಬೆಳೆ ಜಾಸ್ತಿ’, ‘ಬೇಳೆ ಜಾಸ್ತಿ’ ಮೂರೂ ಆ ಲಿಪಿಯಲ್ಲಿ ಒಂದೇ ರೂಪ ತಾಳುತ್ತವೆ. ಹಾಲು-ಹಾಳು, ಆನೆ-ಆಣೆ, ಮಳೆ-ಮಲೆ-ಮಾಲೆಗಳದೂ ಅದೇ ಪಾಡು. ಹಳೆಯ ಮೈಸೂರು ಸೀಮೆಯ ಆಡುಮಾತಿನಲ್ಲಿ ಹಕಾರ ಬಿದ್ದು ಹಕ್ಕಿ ‘ಅಕ್ಕಿ’ಯಾಗುವುದೂ ಇದಕ್ಕೆ ಸೇರುತ್ತದೆ. ಲಿಪಿಯ ಗೊಂದಲಕ್ಕೆ ಮದ್ದು ಸುಲಭ, ಕೈಯಲ್ಲೇ ಇದೆ: ಕನ್ನಡವನ್ನು ಕನ್ನಡ ಲಿಪಿಯಲ್ಲಿ ಬರೆಯುವುದು. 1998ರಲ್ಲಿ ‘ಬರಹ’ ತಂತ್ರಾಂಶ ಬಂದಾಗ ಕಂಪ್ಯೂಟರಿನಲ್ಲಿ ಅದು ಎಲ್ಲರಿಗೂ ದಕ್ಕಿತು. ಇಂದು ಪ್ರತಿ ಫೋನಿನಲ್ಲೂ ಕನ್ನಡ ಕೀಲಿಮಣೆ ಇದೆ.

ಕಾಲವೂ ಅರ್ಥವನ್ನು ಸರಿಸುತ್ತದೆ. ಹಿಂದೆ ‘ರೀಲ್ ಬಿಡುವುದು’ ಎಂದರೆ ಸುಳ್ಳು ಹೇಳುವುದು. ಈಗಿನ ಮಕ್ಕಳಿಗೆ ರೀಲ್ಸ್ ಎಂದರೆ ಮೊಬೈಲ್ ವಿಡಿಯೊ. ಇಲ್ಲಿಯೂ ಕ್ರಿಯಾಪದವೇ ಕಾಪಾಡುತ್ತಿದೆ: ಬಿಟ್ಟರೆ ಸುಳ್ಳು, ಮಾಡಿದರೆ ವಿಡಿಯೊ. ಹಳೆಯ ಪದರಗಳನ್ನು ತಿಳಿಯಲು ಸಾಹಿತ್ಯ ಮತ್ತು ಸಿನಿಮಾಗಳೇ ದಾಖಲೆ. ಟಿ.ಪಿ. ಕೈಲಾಸಂ (1884–1946) ಇಂಗ್ಲಿಷ್ ಬೆರೆತ ಪೇಟೆಯ ಕನ್ನಡವನ್ನು ರಂಗಕ್ಕೆ ತಂದರು. ಜಿ.ಪಿ. ರಾಜರತ್ನಂ 1930ರ ದಶಕದಲ್ಲಿ ಕುಡುಕ ರತ್ನನ ಬಾಯಿಮಾತನ್ನು ಉಚ್ಚಾರಣೆ ಸಮೇತ ಅಚ್ಚಿಗೆ ಏರಿಸಿದರು. ಅಮೆರಿಕದ ಭಾಷಾವಿಜ್ಞಾನಿ ವಿಲಿಯಂ ಬ್ರೈಟ್ 1958ರಲ್ಲಿ ಆಡುಗನ್ನಡದ ವ್ಯಾಕರಣವನ್ನೇ ಪ್ರಕಟಿಸಿದರು. ‘ಪ್ರೇಮಲೋಕ’ (1987) ಕಾಲೇಜಿನ ಆಡುಮಾತನ್ನು ಹಾಡಿಗೆ ತಂದರೆ, ‘ಓಂ’ (1995) ಲಾಂಗು-ಮಚ್ಚುಗಳ ಮಾತನ್ನು ಮನೆಮನೆಗೆ ಮುಟ್ಟಿಸಿತು. ‘ದುನಿಯಾ’ (2007) ಚಿತ್ರದ ‘ಲೂಸ್ ಮಾದ’ ಎಂಬ ಪಾತ್ರದ ಹೆಸರು ನಟ ಯೋಗೀಶ್ ಅವರಿಗೇ ಅಂಟಿಕೊಂಡಿತು.

ಪದದ ಅರ್ಥವನ್ನು ಓದುಗ ಕೇಳಿ, ಬಲ್ಲವರು ಉತ್ತರಿಸುವ ಪದ್ಧತಿಗೆ ದಕ್ಷಿಣ ಬೆಂಗಳೂರಿನಲ್ಲೇ ಮಾದರಿಯಿದೆ. ಜಯನಗರದಲ್ಲಿ ನೆಲೆಸಿದ್ದ ನಿಘಂಟುಕಾರ ಜಿ. ವೆಂಕಟಸುಬ್ಬಯ್ಯ (1913–2021) 1991ರಿಂದ ‘ಪ್ರಜಾವಾಣಿ’ಯಲ್ಲಿ ‘ಇಗೋ ಕನ್ನಡ’ ಅಂಕಣ ಬರೆದರು. ಪತ್ರಗಳಲ್ಲಿ ಬಂದ ಪದಗಳಿಗೆ ಅರ್ಥ, ಮೂಲ, ಬಳಕೆ ಹೇಳುತ್ತಿದ್ದ ಆ ಬರಹಗಳು ಪುಸ್ತಕಗಳಾಗಿಯೂ ಬಂದವು. ಅವರು ದುಡಿದ ಕನ್ನಡ ಸಾಹಿತ್ಯ ಪರಿಷತ್ತಿನ ಎಂಟು ಸಂಪುಟಗಳ ನಿಘಂಟಿನ ಬುನಾದಿ ಪ್ರಯೋಗ: ಪದ ಎಲ್ಲಿ, ಯಾವ ವಾಕ್ಯದಲ್ಲಿ ಬಂದಿದೆ ಎಂದು ತೋರಿಸದೆ ಅರ್ಥ ಕೊಡುವುದಿಲ್ಲ. ಬೀದಿಮಾತಿಗೂ ಇದಕ್ಕಿಂತ ಒಳ್ಳೆಯ ವಿಧಾನವಿಲ್ಲ. ಶಾಸನ, ಕಾವ್ಯಗಳ ಜಾಗದಲ್ಲಿ ಇಲ್ಲಿ ಆಟೊ ಚಾಲಕನ ಮಾತು, ಹುಡುಗರ ಸಂದೇಶ ಪ್ರಯೋಗವಾಗುತ್ತವೆ. ವಿ. ಕೃಷ್ಣ ಅವರು ದಶಕಗಳ ಕಾಲ ಒಬ್ಬರೇ ಕೂತು ಕಟ್ಟಿದ ಕನ್ನಡ–ಇಂಗ್ಲಿಷ್ ನಿಘಂಟು ‘ಅಲರ್’ 2019ರಿಂದ ಅಂತರ್ಜಾಲದಲ್ಲಿ ಎಲ್ಲರಿಗೂ ಮುಕ್ತವಾಗಿದೆ. ಬೀದಿಮಾತಿಗೆ ಅಂಥದೇ ನಿಷ್ಠೆಯ ಕೆಲಸ ಬೇಕಾಗಿದೆ.

ಬೇರೆಡೆ ಈ ದಾರಿಯಲ್ಲಿ ಮುಂದೆ ಹೋದವರಿದ್ದಾರೆ. ಇಂಡೊನೇಷ್ಯಾದಲ್ಲಿ ಜಕಾರ್ತದ ಹುಡುಗರು ಪದದ ನಡುವೆ ‘ಓಕ್’ ತುರುಕಿ ಬಾಪಕ್ ಎಂಬ ಅಪ್ಪನನ್ನು ‘ಬೊಕಾಪ್’ ಮಾಡಿದರು. ನಮ್ಮ ಮಕ್ಕಳು ಪ್ರತಿ ಅಕ್ಷರಕ್ಕೂ ‘ಕ’ ಸೇರಿಸಿ ಆಡುವ ‘ಕ ಭಾಷೆ’ಯ ಅಣ್ಣನಂತಿದೆ ಅದು. ಆ ‘ಪ್ರೊಕೆಮ್’ ಮಾತಿಗೆ 1990ರಲ್ಲಿ, ಅದರ ಮುಂದಿನ ತಲೆಮಾರಿನ ‘ಗೌಲ್’ ಮಾತಿಗೆ 1999ರಲ್ಲಿ ಕೋಶಗಳು ಬಂದವು. ಅಲ್ಲಿಯೂ ‘ಗುರು’ ಎಂಬ ಪದವಿದೆ, ಅರ್ಥ ಶಾಲೆಯ ಮೇಷ್ಟ್ರು. ‘ಏನ್ ಗುರು’ ಎಂಬ ಸಂದೇಶ ಓದಿದ ಜಕಾರ್ತದವರು ಬೆಂಗಳೂರಿನ ತುಂಬ ಶಿಕ್ಷಕರೇ ಇದ್ದಾರೆ ಎಂದುಕೊಂಡರೆ ತಪ್ಪು ಅವರದಲ್ಲ.

ಕೋಶ ಕಟ್ಟುವವರು ಒಂದು ವಿಷಯದಲ್ಲಿ ಮೈಮರೆಯಬಾರದು. ‘ಡವ್’ ಎಂದರೆ ‘ಡವ್ ಮಾಡಬೇಡ’ ಎಂಬಲ್ಲಿ ನಾಟಕ, ಸೋಗು. ‘ಅವನ ಡವ್’ ಎಂಬಲ್ಲಿ ಪ್ರೇಯಸಿ. ಎರಡನೆಯದನ್ನು ಆ ಹುಡುಗಿಯ ಎದುರು ಹೇಳುವ ಧೈರ್ಯ ಕೆಲವರಿಗಷ್ಟೇ ಇದ್ದೀತು. ‘ಫಿಗರ್’, ‘ಪೀಸು’, ‘ಮಾಲು’ಗಳು ಹೆಣ್ಣನ್ನು ಸರಕಾಗಿಸುತ್ತವೆ, ಜಾತಿಯ, ಅಂಗವೈಕಲ್ಯದ ಹೆಸರುಗಳಿಂದ ಹುಟ್ಟಿದ ಬೈಗುಳಗಳೂ ಬೀದಿಯಲ್ಲಿವೆ. ಅವುಗಳನ್ನು ಮುಚ್ಚಿಡುವ ಕೋಶ ಅಪ್ರಾಮಾಣಿಕ. ಯಾರಿಗೆ ನೋಯುತ್ತದೆ ಎಂದು ಗುರುತು ಹಾಕದ ಕೋಶ ಅಪಾಯಕಾರಿ. ನೋವು ಕೂಡ ಪದದ ಅರ್ಥದ ಭಾಗ.

ಈ ಕೆಲಸಕ್ಕೆ ಪಂಡಿತರೇ ಬೇಕೆಂದಿಲ್ಲ. ಸುಬ್ರಹ್ಮಣ್ಯಪುರದ ಬಸ್ಸಿನಲ್ಲೋ ನಿಮ್ಮ ಊರಿನ ಹೋಟೆಲಿನಲ್ಲೋ ಹೊಸ ಮಾತೊಂದು ಕಿವಿಗೆ ಬಿದ್ದರೆ ಪದವನ್ನಷ್ಟೇ ಹೆಕ್ಕಬೇಡಿ. ಇಡೀ ವಾಕ್ಯವನ್ನು ಕನ್ನಡ ಲಿಪಿಯಲ್ಲಿ ಬರೆದುಕೊಳ್ಳಿ; ಹೇಳಿದವರ ಹೆಸರು ಬೇಡ, ಅವರ ಸುಮಾರು ವಯಸ್ಸು, ಯಾರಿಗೆ ಹೇಳಿದರು, ಯಾವ ಊರು, ಯಾವ ದಿನ ಎಂದು ಪಕ್ಕದಲ್ಲಿ ಗುರುತಿಸಿ ಇಟ್ಟುಕೊಳ್ಳಿ.